ಮೇಷ್ಟ್ರು, ನಾನು ಮತ್ತು ಒಂದು ಟೆನಿಸ್ ಕಪ್

ಗೊಂದಲ ಎನ್ನುವುದು ಬೇರೆಯವರ ಮನೆಗೆ ಹಬ್ಬಕ್ಕೋ ಹುಣ್ಣಿಮೆಗೋ ಬರುತ್ತದೆ. ನಮ್ಮ ಮನೆಗೆ ಮಾತ್ರ ಪಕ್ಕದ ಮನೆಯಿಂದ, ಬೇಲಿಯ ಸಂದಿಯಲ್ಲಿ ನುಗ್ಗಿ, ಮನಸ್ಸು ಬಂದಾಗಲೆಲ್ಲ ಬರುತ್ತದೆ. ನಾವಿರುವುದು ಲಿಮೆರಿಕ್ ಎಂಬ ಐರಿಷ್ ಊರಿನಾಚೆಯ ಬಡಾವಣೆಯಲ್ಲಿ. ಪಕ್ಕದ ಮನೆಯವರು ಇಂಗ್ಲೆಂಡಿನವರು, ನಿವೃತ್ತ ಶಾಲಾ ಮೇಷ್ಟ್ರು. ಪಾಠ ಹೇಳುತ್ತಲೇ ಮಾನವಶಾಸ್ತ್ರ ಓದಿಕೊಂಡು, ರಜೆ ಸಿಕ್ಕಾಗ ಯಾವುದೋ ದ್ವೀಪಕ್ಕೆ ಹೋಗಿ ಅಲ್ಲಿನ ಜನ ಹೇಗೆ ಉಣ್ಣುತ್ತಾರೆ, ಹೇಗೆ ಜಗಳವಾಡುತ್ತಾರೆ ಎಂದು ನೋಡಿಕೊಂಡು ಬರುತ್ತಿದ್ದರಂತೆ. ಈಗ ಮಂಡಿ ನೋವು, ದ್ವೀಪಕ್ಕೆ ಹೋಗಲಾರರು. ದೇವರು ದೊಡ್ಡವನು, ನಮ್ಮನ್ನೇ ತಂದು ಪಕ್ಕದಲ್ಲಿಟ್ಟ.

ಅವರ ಇನ್ನೊಂದು ಹುಚ್ಚು ಟೆನಿಸ್. ಕ್ಲಬ್ಬಿನ ಹಿರಿಯರ ಡಬಲ್ಸ್ ಕಪ್ ಒಮ್ಮೆಯಾದರೂ ಗೆಲ್ಲಬೇಕೆಂದು ಎಷ್ಟೋ ವರ್ಷದಿಂದ ಆಡುತ್ತಿದ್ದರು, ಸೋಲುತ್ತಿದ್ದರು. ಕಳೆದ ಬೇಸಿಗೆಯೇ ಕೊನೆಯ ಅವಕಾಶ. ಅದು ಮುಗಿದರೆ ಮಂಡಿ ಆಪರೇಷನ್, ಆಮೇಲೆ ಟೆನಿಸ್ ಮರೆತುಬಿಡಿ ಎಂದು ಡಾಕ್ಟರು ಹೇಳಿದ್ದರು. ಜೊತೆಗೆ ಆಡುತ್ತಿದ್ದವರು ಮಗಳ ಮನೆಗೆಂದು ಕಾರ್ಕ್‌ಗೆ ಹೊರಟುಹೋದರು. ಆ ಜಾಗಕ್ಕೆ ಸಿಕ್ಕವನು ನಾನು. ಐವತ್ತು ದಾಟಿದೆ ಎನ್ನುವುದೊಂದೇ ನನ್ನ ಅರ್ಹತೆ. ಮೇಷ್ಟ್ರು ಮಾತಾಡುವುದೆಲ್ಲ ಇಂಗ್ಲಿಷು. ನಾನು ನಮ್ಮ ಮಾತಿಗೆ ಇಳಿಸಿ ಬರೆಯುತ್ತಿದ್ದೇನೆ.

ಕಾಫಿ ಬೇಡ

ಮೇಷ್ಟ್ರು ಮೊದಲ ಸಲ ನಮ್ಮ ಮನೆಗೆ ಬಂದಾಗ ಹೆಂಡತಿ ಕೇಳಿದಳು, "ಕಾಫಿ ಕುಡೀತೀರಾ?"

"ಬೇಡ, ಥ್ಯಾಂಕ್ಸ್" ಎಂದರು. ಕಾಫಿ ಬಂತು.

"ಬೇಡ ಅಂದೆನಲ್ಲ?"

"ಅದಕ್ಕೇ ಅರ್ಧ ಲೋಟ ತಂದೆ" ಎಂದಳು. ಅವರು ಬೆಪ್ಪಾಗಿ ಕುಡಿದರು. ಉಪ್ಪಿಟ್ಟು ಬೇಡವೆಂದರು, ತಟ್ಟೆ ತುಂಬ ಬಂತು. ಸಾಕು ಎಂದು ತಟ್ಟೆಗೆ ಕೈ ಅಡ್ಡ ಹಿಡಿದರು, ಬೆರಳ ಸಂದಿಯಲ್ಲೇ ಇನ್ನೊಂದು ಸೌಟು ಬಿತ್ತು. ಈ ಮನೆಯಲ್ಲಿ ಬೇಡ ಎಂದಷ್ಟೂ ಊಟ ಹೆಚ್ಚುತ್ತದೆ ಎಂಬ ನಿರ್ಧಾರಕ್ಕೆ ಬಂದು, ಏದುಸಿರು ಬಿಡುತ್ತಾ ಎದ್ದುಹೋದರು.

ಮರುವಾರ ನಾನು ಅವರ ಮನೆಗೆ ಹೋದೆ. ಆಫೀಸಿಂದ ನೇರ ಹೋಗಿದ್ದೆ, ಹೊಟ್ಟೆ ತಾಳ ಹಾಕುತ್ತಿತ್ತು.

"ಟೀ ಕುಡೀತೀರಾ?"

"ಬೇಡ ಬೇಡ, ಯಾಕೆ ಸುಮ್ನೆ ತೊಂದ್ರೆ" ಎಂದೆ.

"ಸರಿ" ಎಂದು ಒಂದೇ ಕಪ್ ಮಾಡಿಕೊಂಡು, ನನ್ನೆದುರೇ ಕುಳಿತು ಬಿಸ್ಕತ್ತು ಅದ್ದಿಕೊಂಡು ತಿಂದರು. ತಿನ್ನುತ್ತಾ, ಅತಿಥಿ ಎದ್ದೇಳಲಾಗದಷ್ಟು ಬಡಿಸುವ ಒಂದು ದ್ವೀಪದ ಜನರ ವಿಷಯ ವಿವರವಾಗಿ ಹೇಳಿದರು.

ಮನೆಗೆ ಬಂದಾಗ ಹೆಂಡತಿ ಕೇಳಿದಳು, "ಏನ್ ಕೊಟ್ರು?"

"ದ್ವೀಪದ ಊಟ" ಎಂದೆ. "ಬರೀ ಬಾಯಿಮಾತಲ್ಲಿ."

ಸೂರಿನ ದೇವರು

ಮೇಷ್ಟ್ರ ವಿದ್ಯೆಗೆ ಒಂದು ನಿಯಮವಿದೆ. ಜನರನ್ನು ಅರಿಯಬೇಕಾದರೆ ಪ್ರಶ್ನೆ ಕೇಳಬಾರದು. ಅವರು ಮಾಡಿದ್ದನ್ನು ತಾವೂ ಮಾಡಬೇಕು, ಅರ್ಥ ಆಮೇಲೆ ತಾನಾಗಿ ಹೊಳೆಯುತ್ತದೆ.

ಗೌರಿ ಹಬ್ಬಕ್ಕೆ ಅವರನ್ನು ಕರೆದಿದ್ದೆವು. ಇಲ್ಲಿ ಕರ್ಪೂರ ಹಚ್ಚುವುದೇ ತಡ, ಸೂರಿನಲ್ಲಿರುವ ಹೊಗೆ ಅಲಾರಂ ಬೀದಿಗೆಲ್ಲ ಕೇಳುವಂತೆ ಬಡಿದುಕೊಳ್ಳುತ್ತದೆ. ಹಾಗಾಗಿ ಮಂಗಳಾರತಿಯ ಹೊತ್ತಿಗೆ ಟವೆಲ್ ಹಿಡಿದು ಅದರ ಕೆಳಗೆ ನಿಂತು ಗಾಳಿ ಬೀಸುವುದು ನನ್ನ ಕೆಲಸ. ಅವತ್ತೂ ಬೀಸಿದೆ. ಮೇಷ್ಟ್ರು ಬಾತ್‌ರೂಮಿಗೆ ಹೋಗಿ ಇನ್ನೊಂದು ಟವೆಲ್ ತಂದು ಪಕ್ಕದಲ್ಲಿ ನಿಂತು ತಾವೂ ಬೀಸಿದರು. ಪಾಪ, ಸಹಾಯ ಮಾಡುತ್ತಿದ್ದಾರೆ ಎಂದುಕೊಂಡೆ.

ಸ್ವಲ್ಪ ದಿನಕ್ಕೆ ನೇಸ್ ಊರಿನಲ್ಲಿ ನನ್ನ ಸ್ನೇಹಿತನ ಗೃಹಪ್ರವೇಶ. ಮೇಷ್ಟ್ರೂ ಬರುತ್ತೇನೆಂದು ಕಾರು ಹತ್ತಿದರು. ಅಲ್ಲಿ ಆರತಿ ಹಚ್ಚುವ ಮೊದಲೇ ನಡುಮನೆಯಲ್ಲಿ ನಿಂತು, ಹೆಗಲ ಮೇಲಿದ್ದ ಟವೆಲ್ ಎತ್ತಿ, ಸೂರಿಗೆ ಭಕ್ತಿಯಿಂದ ಬೀಸತೊಡಗಿದರು. ಆ ಮನೆಯಲ್ಲಿ ಅಲಾರಂ ಇದ್ದದ್ದು ಅಡುಗೆಮನೆಯ ಪಕ್ಕದಲ್ಲಿ. ನೆರೆದವರೆಲ್ಲ ಮಿಕಿಮಿಕಿ ನೋಡಿದರು. ಮೈಸೂರಿಂದ ಬಂದಿದ್ದ ಸ್ನೇಹಿತನ ತಂದೆ ನನ್ನ ಕಿವಿಯಲ್ಲಿ ಕೇಳಿದರು, "ಇದು ಇಂಗ್ಲೆಂಡ್ ಕಡೆ ಸಂಪ್ರದಾಯವೇನಪ್ಪಾ?" ನಾನು ಬಾಯಿ ತೆರೆಯುವಷ್ಟರಲ್ಲಿ ಆ ಹಿರಿಯರು ತಮ್ಮ ಶಲ್ಯ ತೆಗೆದು, ಮೇಷ್ಟ್ರ ಪಕ್ಕದಲ್ಲಿ ನಿಂತು ಬೀಸಲು ಶುರುಮಾಡಿದರು.

ವಾಪಸು ಬರುವಾಗ ಹಿಂದಿನ ಸೀಟಿನಿಂದ ನನ್ನ ಮಗಳು, ಹುಟ್ಟಿದ್ದೇ ಇಲ್ಲಿ, ಇಲ್ಲಿಯವರ ರಾಗದಲ್ಲೇ ಗುಟ್ಟು ಒಡೆದಳು, "ಇಟ್ಸ್ ಓನ್ಲಿ ದ ಸ್ಮೋಕ್ ಅಲಾರಂ, ಲೈಕ್."

ಮೇಷ್ಟ್ರು ಲಿಮೆರಿಕ್ ಹತ್ತಿರ ಬಂದ ಮೇಲೆ ಮೆಲ್ಲಗೆ ಕೇಳಿದರು, "ಹಾಗಾದ್ರೆ ಆ ಹಿರಿಯರು ಯಾಕೆ ಬೀಸಿದ್ರು?"

ಬೇಲಿ ದಾಟಿದ ಚೆಂಡು

ನನಗೆ ಟೆನಿಸ್ ಕಲಿಸುವಾಗ ಮೇಷ್ಟ್ರೊಳಗಿನ ಮೇಷ್ಟ್ರು ಎದ್ದು ಕೂತರು. ತಡವಾಗಿ ಹೋದರೆ ಕಾರಣ ಹೇಳಬೇಕು, ನಗುವಂತಿಲ್ಲ, ಪ್ರಶ್ನೆಗೆ ಕೈ ಎತ್ತಬೇಕು. ಅವರಿಗಿದ್ದ ದೋಷ ಮಾತ್ರ ಇಡೀ ಕ್ಲಬ್ಬಿಗೆ ಗೊತ್ತಿತ್ತು. ಹೊರಗೆ ಬೀಳಲಿರುವ ಚೆಂಡನ್ನೂ ಬಿಡುವುದಿಲ್ಲ, ಓಡಿಹೋಗಿ ಹೊಡೆದು ಕೆಡಿಸುತ್ತಾರೆ. "ಬಿಡಿ" ಎಂದು ಕೂಗಿದರೆ ಇನ್ನೂ ಜೋರಾಗಿ ಓಡುತ್ತಾರೆ.

ನನ್ನ ಕೈಗೆ ಬ್ಯಾಟಿನ ಅಭ್ಯಾಸ. ಒಂದು ಸಂಜೆ ಎತ್ತಿ ಹೊಡೆದ ಹೊಡೆತಕ್ಕೆ ಚೆಂಡು ಬೇಲಿ ದಾಟಿ ಯಾರದೋ ಹಿತ್ತಲಿಗೆ ಬಿತ್ತು. ನಮ್ಮ ಬೀದಿ ಕ್ರಿಕೆಟ್ಟಿನಲ್ಲಿ ಚೆಂಡು ನೇರ ಕಾಂಪೌಂಡ್ ದಾಟಿದರೆ ಹೊಡೆದವನು ಔಟ್, ತೆಪ್ಪಗೆ ಹೊರಡಬೇಕು. ಕೈಕಾಲಲ್ಲಿ ಹೊಕ್ಕ ನಿಯಮ. ಮಾತಿಲ್ಲದೆ ರ‍್ಯಾಕೆಟ್ ಕೆಳಗಿಟ್ಟು ಹೊರಟೇಬಿಟ್ಟೆ. ಕಾರು ಹತ್ತಿ ಮನೆ ಮುಟ್ಟುವಷ್ಟರಲ್ಲಿ ತಪ್ಪು ಹೊಳೆದು ನಾಚಿಕೆಯಾಯಿತು.

ಮೇಷ್ಟ್ರು ನನಗೆ ಸಿಟ್ಟು ಬಂತೆಂದೇ ತಿಳಿದರು. ಕುಂಟುತ್ತಾ ದೊಡ್ಡ ಕೇಕ್ ಹಿಡಿದು ಬಾಗಿಲಿಗೆ ಬಂದರು. "ನನ್ನ ನಾಲಿಗೆ ಸ್ವಲ್ಪ ಒರಟು. ದಯವಿಟ್ಟು ಬಿಟ್ಟುಹೋಗಬೇಡಿ" ಎಂದರು. ನನಗೆ ಕರುಳು ಚುರ್ ಎಂದಿತು. ಇವರ ಕೊನೆಯ ಬೇಸಿಗೆಯನ್ನು ನಾನೇ ಹಾಳುಮಾಡುತ್ತೇನೇನೋ ಎಂದು ಭಯವೂ ಆಯಿತು.

ಅವರು ಹೋದ ಮೇಲೆ ಹೆಂಡತಿ ಕೇಕಿನ ಡಬ್ಬ ತೆರೆದು ನೋಡಿ ಹೇಳಿದಳು, "ರೀ, ಶನಿವಾರ ಇನ್ನೊಂದು ಹೊಡೀರಿ. ಮನೆಗೆ ನೆಂಟರು ಬರ್ತಾರೆ."

ಫೈನಲ್

ನಾವು ಫೈನಲ್ ತಲುಪಿದ್ದು ಹೇಗೆಂದು ನನಗೆ ಇವತ್ತಿಗೂ ಅರ್ಥವಾಗಿಲ್ಲ. ಒಂದು ಜೋಡಿಗೆ ನೆಗಡಿ, ಇನ್ನೊಂದು ಜೋಡಿ ಸ್ಪೇನ್ ಪ್ರವಾಸಕ್ಕೆ ಹೋಗಿತ್ತು. ಎದುರಿಗಿದ್ದವರು ಒಬ್ಬ ನಿವೃತ್ತ ದಂತವೈದ್ಯರು, ಒಬ್ಬರು ಔಷಧಿ ಅಂಗಡಿಯವರು. ಮೊದಲ ಸೆಟ್ ಹೀನಾಯವಾಗಿ ಸೋತೆವು. ಎರಡನೆಯದನ್ನು ಹೇಗೋ ಗೆದ್ದೆವು. ಮೂರನೆಯದರಲ್ಲಿ ಎಳೆದಾಡಿ, ಕೊನೆಗೆ ಒಂದು ಪಾಯಿಂಟ್ ಬಂದರೆ ಕಪ್ ನಮ್ಮದು ಎನ್ನುವಲ್ಲಿಗೆ ಬಂದು ನಿಂತೆವು.

ದಂತವೈದ್ಯರು ಚೆಂಡನ್ನು ನಮ್ಮಿಬ್ಬರ ನಡುವೆ ಎತ್ತರಕ್ಕೆ ಹೊಡೆದರು. ನಾನೂ ಓಡಿದೆ, ಮೇಷ್ಟ್ರೂ ಓಡಿದರು. ಡಿಕ್ಕಿಯಾಯಿತು, ನನ್ನ ಕಾಲು ಅವರ ಕಾಲಿಗೆ ತಗುಲಿತು. ಹಿರಿಯರಿಗೆ ಕಾಲು ತಗುಲಿದರೆ ನಮ್ಮವರು ಏನು ಮಾಡುತ್ತಾರೆ? ಫೈನಲ್ ಆದರೇನು, ಪ್ರಳಯವಾದರೇನು, ಕೈ ತಾನಾಗಿ ಹೋಗುತ್ತದೆ. ಬಗ್ಗಿ ಅವರನ್ನು ಮುಟ್ಟಿ ಕಣ್ಣಿಗೊತ್ತಿಕೊಂಡೆ.

ಮೇಷ್ಟ್ರಿಗೆ ಅವರ ನಿಯಮ. ಚೆಂಡು ತಲೆಯ ಮೇಲಿರುವಾಗಲೇ ಅವರೂ ಬಗ್ಗಿ, ನನ್ನನ್ನು ಮುಟ್ಟಿ, ಎರಡೂ ಕಣ್ಣಿಗೆ ಒತ್ತಿಕೊಂಡರು.

ಹಿಂದೆ ಎಲ್ಲೋ ಟಪ್ ಎಂದು ಸದ್ದಾಯಿತು. ಇಬ್ಬರೂ ನೋಡಿರಲಿಲ್ಲ. ಅಲ್ಲಿ ಅಂಪೈರ್ ಇರುವುದಿಲ್ಲ, ನಮ್ಮ ಕಡೆ ಬಿದ್ದ ಚೆಂಡು ಒಳಗೋ ಹೊರಗೋ ನಾವೇ ಹೇಳಬೇಕು. ನೋಡದಿದ್ದರೆ ಪಾಯಿಂಟ್ ಎದುರಾಳಿಗೆ.

ಮೇಷ್ಟ್ರು ನೆಟ್ಟಗೆ ನಿಂತು, "ನಾವು ನೋಡಲಿಲ್ಲ. ಪಾಯಿಂಟ್ ನಿಮ್ಮದು" ಎಂದರು. ಅಷ್ಟು ಹೇಳಲು ಅವರಿಗೆ ಎಷ್ಟು ಸಂಕಟವಾಯಿತೆಂದು ಪಕ್ಕದಲ್ಲಿದ್ದ ನನಗೇ ಗೊತ್ತು.

"ನಾನು ನೋಡ್ದೆ" ಎಂದರು ದಂತವೈದ್ಯರು. "ಹೊಡೆದವನೇ ನಾನು. ಗೆರೆಯಿಂದ ಒಂದು ಮಾರು ಆಚೆ ಬಿತ್ತು. ಕಪ್ ನಿಮ್ಮದು." ನೆಟ್ ಹತ್ತಿರ ಬಂದು ಮೇಷ್ಟ್ರ ಕೈ ಕುಲುಕಿದರು. "ಇಷ್ಟು ವರ್ಷದಲ್ಲಿ ನೀವು ಬಿಟ್ಟ ಮೊದಲ ಚೆಂಡು ಕಣ್ರೀ ಇದು. ಗ್ರ್ಯಾಂಡ್!"

ಮೇಷ್ಟ್ರು ಕಪ್ ಎದೆಗವಚಿಕೊಂಡು ಬೆಂಚಿನ ಮೇಲೆ ಕೂತರು. ಕಣ್ಣು ತುಂಬಿತ್ತು. ನನ್ನದೂ ತುಂಬಿತ್ತು, ಸುಳ್ಳೇಕೆ ಹೇಳಲಿ. ಆಮೇಲೆ ತಮ್ಮ ವಿದ್ಯೆಯ ನಿಯಮವನ್ನು ಮತ್ತೊಮ್ಮೆ ಮುರಿದು ಪ್ರಶ್ನೆ ಕೇಳಿದರು, "ನಾವು ಬಗ್ಗಿದ್ದು ಯಾಕೆ?"

"ನನ್ನ ಕಾಲು ನಿಮಗೆ ತಗುಲ್ತಲ್ಲ ಮೇಷ್ಟ್ರೇ, ಅದಕ್ಕೆ."

ಅವರು ಮಂಡಿ ನೀವಿಕೊಂಡರು. ಆಮೇಲೆ ಶಾಲೆಯಲ್ಲಿ ದಡ್ಡ ಹುಡುಗನನ್ನು ನೋಡುವಂತೆ ನನ್ನನ್ನು ನೋಡಿ ಗದರಿದರು:

"ಹಾಗಿದ್ರೆ ಮೊದಲನೇ ಸೆಟ್‌ನಲ್ಲೇ ಒದೀಬಾರದಿತ್ತೇನ್ರೀ?"