ಹಡಗಿನಲ್ಲೇ ಉಳಿದ ಬಲಗಣ್ಣಿನ ಮಸೂರದವರ ಸನ್ನಿಧಿಗೆ

ಇವರಿಗೆ,
ಶ್ರೀಯುತ ಬಲಗಣ್ಣಿನ ಮಸೂರದವರು,
ಯಾವುದೋ ಹಡಗು, ಅಥವಾ ಯಾವುದೋ ಬಂದರು, ಅಥವಾ ಬೆಂಗಳೂರಿನ ಯಾವುದೋ ಗೋದಾಮು.

ಮಾನ್ಯರೇ,

ಹಿರಿಯೂರು ತಾಲ್ಲೂಕು ಆದಿವಾಲದ ಕುರಿಗಾರ ಗುಡ್ಡಪ್ಪನವರ ಮನೆಯವಳಾದ ಗಿರಿಯಮ್ಮ ತಮಗೆ ದೂರದಿಂದಲೇ ಮಾಡುವ ಶಿರಸಾಷ್ಟಾಂಗ ನಮಸ್ಕಾರಗಳು. ಇಲ್ಲಿ ನಾವು, ನಮ್ಮ ಕುರಿಗಳು, ಟಗರು, ನಾಯಿ ಎಲ್ಲರೂ ಕ್ಷೇಮ. ಯಜಮಾನರ ಎಡಗಣ್ಣೂ ಕ್ಷೇಮ. ಬಲಗಣ್ಣು ಮಾತ್ರ ತಮ್ಮ ದಾರಿ ಕಾಯುತ್ತಾ ಕುಳಿತಿದೆ. ಸಮುದ್ರದ ಗಾಳಿ ತಮ್ಮ ಮೈಗೆ ಒಗ್ಗಿದೆಯೆಂದೂ, ಪ್ರಯಾಣದಲ್ಲಿ ಎಲ್ಲೂ ಗೀರು ಬಿದ್ದಿಲ್ಲವೆಂದೂ ನಂಬಿದ್ದೇನೆ. ನಮ್ಮ ಬೀದಿಯವರು ಪಡಿತರ ಚೀಟಿಗೆ, ಪಿಂಚಣಿಗೆ, ಬೀದಿದೀಪಕ್ಕೆ ಅರ್ಜಿ ಹಾಕುವಾಗಲೆಲ್ಲ ನನ್ನ ಕೈಯಲ್ಲೇ ಬರೆಸುವುದರಿಂದ ದೊಡ್ಡವರಿಗೆ ಹೇಗೆ ಬರೆಯಬೇಕೆಂಬುದು ನನಗೆ ರೂಢಿಯಾಗಿದೆ. ಆದರೆ ಇಷ್ಟು ದೊಡ್ಡವರಿಗೆ ಬರೆಯುತ್ತಿರುವುದು ಇದೇ ಮೊದಲು. ಮಂತ್ರಿಗಳು ಕೂಡ ಚುನಾವಣೆ ಬಂದಾಗ ನಮ್ಮೂರಿಗೆ ಬರುತ್ತಾರೆ.

ನಡೆದದ್ದನ್ನು ಮೊದಲಿನಿಂದ ಅರಿಕೆ ಮಾಡಿಕೊಳ್ಳುತ್ತೇನೆ. ಯಜಮಾನರು ತಮ್ಮ ಹಳೆಯ ಕನ್ನಡಕವನ್ನು ಕುರಿ ಕೂಡುವ ರೊಪ್ಪದ ಗೋಡೆಯ ಮೇಲಿಟ್ಟು ಮುಖ ತೊಳೆಯಲು ಹೋದದ್ದು, ಟಗರು ಬಂದು ಆ ಗೋಡೆಗೆ ತಲೆ ತಿಕ್ಕಿದ್ದು, ಕನ್ನಡಕ ಕೆಳಗೆ ಬಿದ್ದದ್ದು, ಆಮೇಲೆ ಇಡೀ ಹಿಂಡು ನಿಧಾನವಾಗಿ ಅದರ ಮೇಲೆ ನಡೆದುಹೋದದ್ದು, ಇವುಗಳಲ್ಲಿ ತಮ್ಮ ಪಾಲೇನೂ ಇಲ್ಲ. ತಮ್ಮ ಪಾಲು ಶುರುವಾಗುವುದು ಹಿರಿಯೂರಿನ ಕನ್ನಡಕದಂಗಡಿಯಲ್ಲಿ.

ಆ ಅಂಗಡಿಯ ಗುರುರಾಜ್ ಒಳ್ಳೆಯ ಮನುಷ್ಯ. ಯಜಮಾನರನ್ನು ಕುರ್ಚಿಯಲ್ಲಿ ಕೂರಿಸಿ, ಗಾಜುಗಳನ್ನು ಹಾಕಿ ತೆಗೆದು ಪರೀಕ್ಷೆ ಮಾಡಿ, ಎಡಗಣ್ಣಿನದು ಎಲ್ಲರ ಹಾಗಿನ ನಂಬರು, ಅದಕ್ಕೆ ಬೇಕಾದದ್ದು ಡ್ರಾಯರಿನಲ್ಲೇ ಇದೆ ಎಂದರು. ಬಲಗಣ್ಣಿನದು ದೊಡ್ಡ ನಂಬರು, ಅದರ ಮೇಲೆ ಸಿಲಿಂಡರ್ ಎಂಬ ಓರೆ ನಂಬರು ಬೇರೆ ಇರುವುದರಿಂದ, ಅದರ ಮಸೂರ ಹೊರದೇಶದಿಂದ ದಪ್ಪ ಬಿಲ್ಲೆಯಾಗಿ ಹಡಗಿನಲ್ಲಿ ಬಂದು, ಬೆಂಗಳೂರಿನಲ್ಲಿ ಸಾಣೆ ಹಿಡಿಸಿಕೊಂಡು, ಆಮೇಲೆ ಹಿರಿಯೂರಿಗೆ ದಯಮಾಡಿಸಬೇಕು ಎಂದು ವಿವರಿಸಿದರು. ಈಗ ಎಲ್ಲಿದೆ ಎಂದು ಕೇಳಿದ್ದಕ್ಕೆ, “ಹಡಗಿನಾಗೆ ಐತೆ ಕಣಮ್ಮ, ಬಂದುಬಿಡ್ತೈತೆ” ಎಂದರು. ಅಂದಿನಿಂದ ನಾನು ವಿಚಾರಿಸಲು ಹೋದಾಗಲೆಲ್ಲ ತಾವು ಹಡಗಿನಾಗೆಯೇ ಇದ್ದೀರಿ.

ನಾನು ಪೆದ್ದಿಯ ಹಾಗೆ ಇನ್ನೊಂದು ಪ್ರಶ್ನೆ ಕೇಳಿದೆ. ಈ ದೇಶದಲ್ಲಿ ಇಷ್ಟು ಜನ, ಒಬ್ಬೊಬ್ಬರಿಗೂ ಎರಡೆರಡು ಕಣ್ಣು, ಅಷ್ಟೂ ಕಣ್ಣಿಗೆ ಬೇಕಾದದ್ದನ್ನು ಇಲ್ಲಿಯೇ ಮಾಡಿಕೊಳ್ಳಲು ಆಗುವುದಿಲ್ಲವೇ ಎಂದು. ಮಾಡುತ್ತಾರೆ, ಆದರೆ ಯಜಮಾನರ ಬಲಗಣ್ಣಿನಂಥ ಕಣ್ಣಿಗೆ ಹೊಂದುವ ಬಿಲ್ಲೆ ಹೊರಗಿನಿಂದಲೇ ಬರಬೇಕು ಎಂದು ಅವರು ತಾಳ್ಮೆಯಿಂದ ಹೇಳಿದರು. ಮಾತು ಬೆಳೆಸಿ ನೋಡಿದರೆ ಆ ಕನ್ನಡಕದ ಚೌಕಟ್ಟು ಒಂದು ದೇಶದ್ದು, ಮಡಚುವಲ್ಲಿರುವ ಸಣ್ಣ ತಿರುಪು ಇನ್ನೊಂದು ದೇಶದ್ದು, ಮೂಗಿನ ಮೇಲೆ ಕೂರುವ ಮೆತ್ತೆ ಮತ್ತೊಂದು ದೇಶದ್ದು, ಒರೆಸುವ ಬಟ್ಟೆಯ ಮೂಲೆಯಲ್ಲಿದ್ದ ಊರಿನ ಹೆಸರನ್ನು ಗುರುರಾಜರಿಗೇ ಓದಲಾಗಲಿಲ್ಲ. ಇಡೀ ಕನ್ನಡಕದಲ್ಲಿ ನಮ್ಮದೆನ್ನುವುದು ಯಜಮಾನರ ಮೂಗು ಮತ್ತು ಎರಡು ಕಿವಿ ಮಾತ್ರ. ಅವನ್ನು ಒದಗಿಸುವುದರಲ್ಲಿ ನಮ್ಮ ಕಡೆಯಿಂದ ಒಂದು ದಿನವೂ ತಡವಾಗಿಲ್ಲವೆಂದು ವಿನಯದಿಂದ ತಿಳಿಸುತ್ತೇನೆ.

ತಾವು ಬರುವವರೆಗೆ ಚೌಕಟ್ಟು ಬಣಗುಟ್ಟಬಾರದೆಂದು ಗುರುರಾಜ್ ತಮ್ಮ ಜಾಗದಲ್ಲಿ ಒಂದು ಬರೀ ಪ್ಲಾಸ್ಟಿಕ್ಕಿನ ತುಂಡನ್ನು ಕೂರಿಸಿಕೊಟ್ಟರು. ನೋಡುವವರಿಗೆ ಕನ್ನಡಕ ಪೂರ್ತಿಯಾಗಿದೆ. ಹಾಕಿಕೊಂಡವರಿಗೆ ಅರ್ಧ ಇದೆ. ಎಡಗಣ್ಣು ತೆರೆದರೆ ಗುಡ್ಡದ ಮೇಲಿನ ಕರೆಂಟು ತೆಗೆಯುವ ಗಾಳಿಫ್ಯಾನು ಗಿರಗಿರನೆ ತಿರುಗುತ್ತದೆ, ಬಲಗಣ್ಣು ತೆರೆದರೆ ಫ್ಯಾನೂ ಇಲ್ಲ, ಗುಡ್ಡವೂ ಇಲ್ಲ. ಆದರೂ ಯಜಮಾನರು ಹೊಸ ಕನ್ನಡಕ ಬಂತೆಂಬ ಗತ್ತಿನಲ್ಲಿ ಊರೆಲ್ಲ ಓಡಾಡಿದರು, ಬಲಗಡೆಯಿಂದ ಬಂದ ಲೈಟು ಕಂಬ, ಎಮ್ಮೆ, ಬೀಗರು ಯಾರಿಗೂ ದಾರಿ ಬಿಡಲಿಲ್ಲ.

ತಮ್ಮ ಘನತೆಯನ್ನು ನಾನು ಅರಿಯದವಳಲ್ಲ. ಹೆದ್ದಾರಿಯಲ್ಲಿ ಕಂಟೇನರ್ ಲಾರಿಗಳು ಬೆಂಗಳೂರಿನ ಕಡೆಗೆ ಸಾಲಾಗಿ ಹೋಗುವಾಗಲೆಲ್ಲ, ಇವುಗಳಲ್ಲಿ ಒಂದರೊಳಗೆ ತಾವು ಹತ್ತಿಯಲ್ಲಿ ಮಲಗಿ ನಮ್ಮ ಮನೆಯ ಮುಂದೆಯೇ ಹಾದುಹೋಗುತ್ತಿರಬಹುದು ಎಂದು ಎದ್ದು ನಿಂತು ಕೈಮುಗಿದಿದ್ದೇನೆ. ಬೆರಳಗಲದ ಒಂದು ಬಿಲ್ಲೆಗೆ ಹಡಗು, ಬಂದರು, ಸುಂಕದ ಅಧಿಕಾರಿಗಳು, ಮೊಹರು, ಇಷ್ಟು ಉಪಚಾರ ನಡೆಯುವುದನ್ನು ಕೇಳಿ ಹೆಮ್ಮೆಯಾಗಿದೆ. ತಮಗೆ ಬರಲು ತೊಂದರೆಯಿದ್ದರೆ ಯಜಮಾನರ ಬಲಗಣ್ಣನ್ನೇ ಅಲ್ಲಿಗೆ ಕಳುಹಿಸಿಕೊಡಬಹುದೇ ಎಂದು ತಿಳಿಸಬೇಕು, ಅದರದೊಂದು ಫೋಟೊ ತೆಗೆಸಿ ಪಾಸ್‌ಪೋರ್ಟಿಗೆ ಅರ್ಜಿ ಹಾಕುವ ಜವಾಬ್ದಾರಿ ನನ್ನದು. ಅದೂ ಆಗದಿದ್ದಲ್ಲಿ, ಇನ್ನು ಮುಂದೆ ಈ ದೇಶದಲ್ಲಿ ಹುಟ್ಟುವ ಕೂಸುಗಳು ಹಿರಿಯೂರಿನ ಡ್ರಾಯರಿನಲ್ಲಿ ಸಿಗುವ ನಂಬರಿನ ಕಣ್ಣುಗಳನ್ನೇ ಹೊತ್ತು ಹುಟ್ಟತಕ್ಕದ್ದೆಂದು ಸರ್ಕಾರ ಒಂದು ಸುತ್ತೋಲೆ ಹೊರಡಿಸುವಂತೆ ತಾವು ಶಿಫಾರಸು ಮಾಡಬೇಕು. ವಯಸ್ಸಾದವರಿಗೆ ಬೇಕಿದ್ದರೆ ವಿನಾಯಿತಿ ಕೊಡಲಿ.

ಇನ್ನು ದೂರಿನ ಮುಖ್ಯ ಭಾಗ. ತಮಗೆ ಕುರಿಗಳ ಪರಿಚಯ ಇದೆಯೋ ಇಲ್ಲವೋ ತಿಳಿಯದು. ನಮ್ಮಲ್ಲಿ ಕುರಿಗೆ ಕಾಗದಪತ್ರ ಇರುವುದಿಲ್ಲ, ಕಿವಿ ಇರುತ್ತದೆ. ಮರಿ ಸ್ವಲ್ಪ ಬಲಿತ ಮೇಲೆ ಕಿವಿಯ ಅಂಚನ್ನು ಕತ್ತರಿಯಿಂದ ಚೂರು ಕತ್ತರಿಸಿ, ಗಾಯಕ್ಕೆ ಅರಿಶಿನ ಹಚ್ಚಿ, ಮನೆತನದ ಗುರುತು ಹಾಕುತ್ತಾರೆ. ನನ್ನ ಗಂಡನ ಮನೆಯವರು ಕತ್ತರಿಸುವುದು ಬಲಗಿವಿಯನ್ನು. ಬಬ್ಬೂರಿನ ನನ್ನ ತವರಿನವರು ಎಡಗಿವಿಯನ್ನು. ಎರಡೂ ಮನೆಯ ಹಿಂಡುಗಳು ಒಂದೇ ಹುಲ್ಲುಗಾವಲಿನಲ್ಲಿ, ನಾವು ಕಾವಲು ಎನ್ನುವ ಕಡೆ, ಮೇಯುತ್ತವೆ, ಬೆರೆತರೆ ಕಿವಿ ನೋಡಿ ಬೇರೆ ಮಾಡಿಕೊಳ್ಳುತ್ತಾರೆ. ಕಿವಿ ಯಾರ ಗುರುತಿನದೋ ಕುರಿ ಅವರದು, ಅದರ ಮೇಲೆ ಪಂಚಾಯ್ತಿ ಇಲ್ಲ. ತಪ್ಪಾಯಿತೆಂದು ಇನ್ನೊಂದು ಕಿವಿಗೂ ಕತ್ತರಿ ಹಾಕುವ ಹಾಗಿಲ್ಲ, ಎರಡೂ ಕಿವಿ ಕತ್ತರಿಸಿದ ಕುರಿಯನ್ನು ಕಂಡರೆ ಜನ ಅದನ್ನು ಕದ್ದ ಮಾಲು ಎಂದೇ ತಿಳಿಯುತ್ತಾರೆ.

ಯಜಮಾನರು ಮರಿಯನ್ನು ಮಂಡಿಗಳ ನಡುವೆ, ಅದರ ಬೆನ್ನು ತಮ್ಮ ಕಡೆಗೆ ಬರುವ ಹಾಗೆ ಹಿಡಿದು, ತಮ್ಮ ಬಲಗೈ ಕಡೆಗಿರುವ ಕಿವಿಯನ್ನು ಕತ್ತರಿಸುತ್ತಾರೆ. ಮದುವೆಯಾಗಿ ಬಂದಾಗಿನಿಂದ ನಾನು ನೋಡಿರುವುದು ಹಾಗೇ. ಈ ಸಲ ಅವರಿಗೆ ಬಲಗಡೆಯೆಲ್ಲ ಮಂಜು. ಆದ್ದರಿಂದ ಮರಿಯ ಬಲಗಿವಿ ತಮ್ಮ ಎಡಗಣ್ಣಿನ ಮುಂದೆ ಬರಲೆಂದು ಅದನ್ನು ತಿರುಗಿಸಿ ಮುಖಾಮುಖಿ ಹಿಡಿದರು. ಇದು ಬುದ್ಧಿವಂತಿಕೆಯೇ ಸರಿ. ಆದರೆ ಕತ್ತರಿ ಹಿಡಿದ ಕೈಗೆ ಈ ಸುದ್ದಿ ತಲುಪಲಿಲ್ಲ, ಅದು ಹಳೆಯ ರೂಢಿಯಂತೆ ಬಲಗೈ ಕಡೆಯ ಕಿವಿಗೇ ಹೋಯಿತು. ಮುಖಾಮುಖಿ ಹಿಡಿದಾಗ ಆ ಕಡೆಗಿರುವುದು ಮರಿಯ ಎಡಗಿವಿ. ನಾನು ಅಂದು ಮಹಿಳಾ ಸಂಘದ ಸಭೆಗೆ ಹಿರಿಯೂರಿಗೆ ಹೋಗಿದ್ದೆ. ಜೊತೆಗೆ ಕೂರುತ್ತೇನೆಂದ ಮಗಳು ಕಾವ್ಯಶ್ರೀಗೆ, “ಕನ್ನಡಕ ಐತಲ್ಲ, ನೀನು ಹೋಗವ್ವ” ಎಂದರಂತೆ. ಸಂಜೆ ಬಂದು ನೋಡಿದರೆ ಈ ವರ್ಷದ ಮರಿಗಳೆಲ್ಲ ಅರಿಶಿನ ಹಚ್ಚಿಸಿಕೊಂಡು ಸಾಲಾಗಿ ನಿಂತಿದ್ದವು, ಒಂದೂ ತಪ್ಪದಂತೆ ನನ್ನ ತಮ್ಮ ಶಿವರಾಜನ ಮರಿಗಳಾಗಿ.

ಆ ಶಿವರಾಜನಿಗೂ ಯಜಮಾನರಿಗೂ ಹೋದ ಬೇಸಿಗೆಯಿಂದ ಮಾತಿಲ್ಲ. ಕಾವಲಿನ ಜಾಲಿಮರದ ಕಾಯಿಯನ್ನು ಯಾರ ಹಿಂಡಿಗೆ ಮೊದಲು ಉದುರಿಸಬೇಕೆಂದು ಶುರುವಾದ ಜಗಳ ತಾತ ಮುತ್ತಾತರವರೆಗೆ ಹೋಗಿ ನಿಂತಿತು. ಕಾಯಿ ತಿಂದದ್ದು ಕುರಿಗಳು, ತವರಿನ ದಾರಿ ಕಳೆದುಕೊಂಡವಳು ನಾನು. ಅಪ್ಪ, ಅವ್ವ ಹೋದ ಮೇಲೆ ನನಗೆ ತವರೆಂದರೆ ಆ ತಮ್ಮನೊಬ್ಬನೇ. ಈ ಗೌರಿ ಹಬ್ಬದಲ್ಲಿ ಬಾಗಿನ ಬರಲಿಲ್ಲ, ನಾನೂ ಯಾರ ಹತ್ತಿರವೂ ಅದರ ಮಾತೆತ್ತಲಿಲ್ಲ, ಆದರೆ ಅಂದು ನನಗೆ ಊಟ ಸೇರಲಿಲ್ಲ. ಹೀಗಿರುವಾಗ ಯಜಮಾನರು ಮರಿಗಳ ಕಿವಿಗಳನ್ನು ಒಂದೊಂದಾಗಿ ಮುಟ್ಟಿ ನೋಡಿ, ಕತ್ತರಿಯನ್ನು ಸೂರಿಗೆ ಸಿಕ್ಕಿಸಿ, “ಕಿವಿ ಅವನ್ದು, ಮರಿ ಅವನ್ದು. ಹೊಡ್ಕಂಡು ಹೋಗು ಅಂತ ಹೇಳ್ಕಳಿಸು” ಎಂದು ಒಳಗೆ ಹೋಗಿ ಗೋಡೆಯ ಕಡೆ ಮುಖ ಮಾಡಿ ಮಲಗಿದರು. ಹೇಳಿಕಳಿಸಿದೆ. ಮರಿಗಳು ಹೋದರೆ ಒಂದು ವರ್ಷದ ಸಾಕಣೆ ಹೋದಂತೆ, ಅದು ಹೇಗೋ ನಡೆದೀತು. ಆದರೆ ಅವನು ಬಂದು, ಈ ಅಂಗಳದಲ್ಲಿ ಒಂದು ಮಾತಾಡದೆ, ನೀರು ಕೂಡ ಮುಟ್ಟದೆ ಮರಿಗಳನ್ನು ಹೊಡೆದುಕೊಂಡು ಹೋದರೆ, ಆಮೇಲೆ ಆ ಬಾಗಿಲು ಈ ಜನ್ಮದಲ್ಲಿ ತೆರೆಯುವುದಿಲ್ಲ.

ಆದುದರಿಂದ ತಾವು ಈ ಪತ್ರ ಕಂಡ ಕೂಡಲೇ ಹಡಗಿನಿಂದ ಇಳಿದು, ಸಿಕ್ಕಿದ ಬಸ್ಸು ಹತ್ತಿ

ಇಲ್ಲಿಯವರೆಗೆ ಬರೆದಿದ್ದಾಗ ಹೊರಗೆ ನಾಯಿ ಬೊಗಳಿದ್ದರಿಂದ ಪೆನ್ನು ಕೆಳಗಿಟ್ಟು ಎದ್ದೆ. ಮುಂದಿನದನ್ನು ಮರುದಿನ ಬರೆಯುತ್ತಿದ್ದೇನೆ. ವಾಕ್ಯ ಅರ್ಧಕ್ಕೆ ನಿಂತದ್ದಕ್ಕೆ ಕ್ಷಮೆಯಿರಲಿ.

ನಾಯಿ ಬೊಗಳಿದ್ದು ಶಿವರಾಜನನ್ನು ಕಂಡು. ಯಜಮಾನರು ರೊಪ್ಪದ ಬಾಗಿಲಲ್ಲಿ ಕುಳಿತು ಒಂದು ಮರಿಯ ಕಿವಿಗೆ ಎಣ್ಣೆ ಹಚ್ಚುತ್ತಿದ್ದರು. ಅವನು ಬಂದದ್ದು ಅವರ ಬಲಗಡೆಯಿಂದ, ಅಂದರೆ ತಾವು ಇರಬೇಕಾಗಿದ್ದ ಕಡೆಯಿಂದ. ಹೆಜ್ಜೆಯ ಸಪ್ಪಳ ಕೇಳಿ, ತಲೆ ಎತ್ತದೆ, ಯಾರೋ ಮರಿ ನೋಡಲು ಬಂದ ವ್ಯಾಪಾರಿಗೆ ಹೇಳುವಂತೆ, “ಬರ್ರಿ, ಕುಂತ್ಕಳ್ರಿ” ಎಂದರು. ನಾನು ಹೊಸ್ತಿಲು ದಾಟದೆ ಅಲ್ಲೇ ನಿಂತೆ. ಶಿವರಾಜ ಅತ್ತಿತ್ತ ನೋಡಿ, ಅಲ್ಲಿದ್ದ ಕಲ್ಲಿನ ಮೇಲೆ ಕುಳಿತ. “ಭಾವ, ಕಣ್ಣು ಹೆಂಗೈತೆ” ಎಂದ. ಯಜಮಾನರ ಕೈ ಮರಿಯ ಕಿವಿಯ ಮೇಲೆ ಹಾಗೇ ನಿಂತಿತು. ಕೂರಿರೆಂದು ಹೇಳಿ ಕೂರಿಸಿದವರನ್ನು ಏಳು ಎನ್ನುವ ಪದ್ಧತಿ ನಮ್ಮಲ್ಲಿಲ್ಲ. ಕೊನೆಗೆ, “ಒಂದು ಇಲ್ಲೈತೆ, ಇನ್ನೊಂದು ಹಡಗಿನಾಗೆ ಐತಂತೆ” ಎಂದರು.

ಶಿವರಾಜ ನಕ್ಕ. ಯಜಮಾನರು ನಗಲಿಲ್ಲ, ಆದರೆ ಮರಿಯನ್ನು ಅವನ ಕಡೆ ತಳ್ಳಿ, ಕಿವಿ ನಿನ್ನದು, ನೋಡಿಕೊ ಎಂದರು. ಅವನು ಅದನ್ನು ಎತ್ತಿ, ಕಿವಿ ಮುಟ್ಟಿ, ಹಲ್ಲು ನೋಡಿ, ಕೆಳಗೆ ಬಿಟ್ಟ. “ಎಡಗಿವಿ ಮರಿ ನಿಮ್ಮ ರೊಪ್ಪದಾಗೆ ಐತೆ ಅಂದ್ರೆ ಅದು ನಮ್ಮಕ್ಕನ ಬಳುವಳಿ ಭಾವ. ಕೊಟ್ಟ ಮರೀನ ನಾನ್ಯಾಕೆ ಹೊಡ್ಕಂಡು ಹೋಗ್ಲಿ” ಎಂದ. ಬಳುವಳಿಯೆಂದರೆ ಮದುವೆಯಲ್ಲಿ ತವರಿನವರು ಮಗಳ ಜೊತೆ ಕಳಿಸುವ ಕುರಿಗಳು. ಅವುಗಳಿಗೆ ತವರಿನ ಗುರುತೇ ಇರುತ್ತದೆ, ಅವು ಹೆಂಡತಿಯವು, ಗಂಡ ಅವನ್ನು ಮೇಯಿಸಬಹುದೇ ಹೊರತು ಮಾರುವ ಹಾಗಿಲ್ಲ. ಅಪ್ಪ ನನಗೆ ಕೊಟ್ಟಿದ್ದ ಬಳುವಳಿ ಕುರಿಗಳು ಮುದಿಯಾಗಿ ತೀರಿ ಎಷ್ಟೋ ಕಾಲವಾಗಿತ್ತು. ನಾನು ಟೀ ಇಡುತ್ತೇನೆಂದು ಒಳಗೆ ಹೋಗಿ, ಹೊಗೆಯೇ ಇಲ್ಲದ ಗ್ಯಾಸಿನ ಒಲೆಯ ಮುಂದೆ ನಿಂತು ಕಣ್ಣೊರೆಸಿಕೊಂಡೆ. ಇಬ್ಬರೂ ಟೀ ಕುಡಿದರು. ಜಾಲಿಕಾಯಿಯ ಮಾತು ಬರಲಿಲ್ಲ.

ಈಗ ನನ್ನ ಅನುಮಾನವೊಂದನ್ನು ತಮ್ಮ ಹತ್ತಿರ ಮಾತ್ರ ಹೇಳುತ್ತೇನೆ. ಕತ್ತಲಲ್ಲಿ ಕೆಮ್ಮಿದ್ದು ಯಾವ ಕುರಿಯೆಂದು ಮಲಗಿದಲ್ಲಿಂದಲೇ ಹೇಳುವ ಮನುಷ್ಯ ಅವರು. ಅವರಿಗೆ ಶಿವರಾಜನ ಹೆಜ್ಜೆಯ ಗುರುತು ಸಿಗಲಿಲ್ಲವೆಂದರೆ ನಾನು ನಂಬುವವಳಲ್ಲ. ಕರೆಯಬೇಕೆಂಬ ಮನಸ್ಸು ಅವರಿಗೂ ಇತ್ತು, ಕರೆದೆನೆಂದು ಒಪ್ಪಿಕೊಳ್ಳುವ ಮನಸ್ಸು ಇರಲಿಲ್ಲ. ಯಾರೆಂದು ಕಾಣಲಿಲ್ಲ, ಅದಕ್ಕೇ ಕರೆದೆ ಎನ್ನಲು ಒಂದು ನೆಪ ಬೇಕಿತ್ತು. ಆ ನೆಪ ತಾವು. ಇಷ್ಟು ತಿಂಗಳು ತಮ್ಮನ್ನು ಸೋಮಾರಿಗಳೆಂದು ಬೈದುಕೊಂಡ ನನಗೆ ಈಗ ನಾಚಿಕೆಯಾಗುತ್ತಿದೆ. ಎರಡೂ ಮನೆಯ ಹಿರಿಯರು ಸೇರಿ ಮಾಡಲಾಗದ ಕೆಲಸವನ್ನು ತಾವು ಬಾರದೇ ಮಾಡಿದ್ದೀರಿ.

ಆದುದರಿಂದ ಮೇಲೆ ಅರ್ಧಕ್ಕೆ ನಿಂತಿರುವ ಬೇಡಿಕೆಯನ್ನು ಹಿಂದಕ್ಕೆ ಪಡೆಯುತ್ತಿದ್ದೇನೆ. ತಾವು ಬಂದರೆ ಯಜಮಾನರಿಗೆ ಬಲಗಡೆಯಿಂದ ಬಂದವರು ಯಾರೆಂದು ಚೆನ್ನಾಗಿ ಕಾಣುತ್ತದೆ, ಕಂಡ ಮೇಲೆ ಹಳೆಯದೆಲ್ಲ ನೆನಪಾಗುತ್ತದೆ. ಶಿವರಾಜ ಇನ್ನೂ ನಾಲ್ಕಾರು ಸಲ ಬಂದು ಹೋಗಲಿ, ನಾನೊಮ್ಮೆ ಬಬ್ಬೂರಿಗೆ ಹೋಗಿ ಬರುತ್ತೇನೆ, ಅಲ್ಲಿಯವರೆಗೆ ದಯಮಾಡಿ ಸಮುದ್ರದಲ್ಲೇ ವಿಶ್ರಾಂತಿ ಪಡೆಯಬೇಕು. ಯಜಮಾನರು ಕಲ್ಲು ಎಡವುತ್ತಾರೆಂಬ ಚಿಂತೆ ತಮಗೆ ಬೇಡ. ಅವರ ಬಲಗಡೆ ನಾನು ನಡೆಯುತ್ತಿದ್ದೇನೆ.

ಹಡಗಿಗೆ ಶುಭವಾಗಲಿ ಎಂದು ಹಾರೈಸುವ,

ತಮ್ಮ ವಿಶ್ವಾಸಿ,
ಗಿರಿಯಮ್ಮ
ಆದಿವಾಲ

ವಿ. ಸೂ.: ರೊಪ್ಪದಲ್ಲಿರುವ ಈ ವರ್ಷದ ಮರಿಗಳೆಲ್ಲ ಈಗ ಹೆಂಡತಿಯವು, ನನ್ನನ್ನು ಕೇಳದೆ ಒಂದನ್ನೂ ಮಾರುವ ಹಾಗಿಲ್ಲ ಎಂಬುದು ಯಜಮಾನರಿಗೆ ಇಂದು ಬೆಳಿಗ್ಗೆ ರೊಟ್ಟಿ ತಿನ್ನುವಾಗ ಹೊಳೆದಿದೆ. ತಟ್ಟೆಯನ್ನು ಅರ್ಧಕ್ಕೆ ಬಿಟ್ಟು ಎದ್ದು, ತಾವು ಬಂದಿದ್ದೀರಾ ಎಂದು ಕೇಳಲು ಹಿರಿಯೂರಿನ ಬಸ್ಸು ಹತ್ತಿದ್ದಾರೆ. ಒಂದು ವೇಳೆ ಬಂದಿದ್ದರೂ, ಡ್ರಾಯರಿನಲ್ಲಿ ಸ್ವಲ್ಪ ಹಿಂದಕ್ಕೆ ಸರಿದು ಕುಳಿತುಕೊಳ್ಳಬೇಕಾಗಿ ವಿನಂತಿ.