ಗಂಗೆಯಲ್ಲಿ ಇಳಿತಕ್ಕೆ ಕಾದವರು

ನಮ್ಮ ಬಂದರಿನವರು ಕಾಶಿಗೆ ಬಂದಾಗಲೆಲ್ಲ ಏನಾದರೊಂದು ಆಗಿಯೇ ತೀರುತ್ತದೆ. ಗಂಡನ ರೈಲ್ವೆ ಕೆಲಸದ ಹಿಂದೆ ಬಂದು ಇಲ್ಲಿನ ಜಂಗಮವಾಡಿಯಲ್ಲೇ ಮುದುಕಿಯಾದವಳು ನಾನು. ಹಿಂದಿ ಬಾರದವರನ್ನೆಲ್ಲ ನನ್ನ ಬಾಗಿಲಿಗೇ ಕಳಿಸುತ್ತಾರೆ. ಕಳೆದ ಜೂನ್‌ನಲ್ಲಿ, ಮಳೆಗಾಲಕ್ಕೆ ಮೀನುಗಾರಿಕೆ ನಿಂತಿದ್ದಾಗ, ಊರಿನ ತಾಂಡೇಲರು ಬಂದರು. ದೋಣಿ ನಡೆಸುವ ಹಿರಿಯರು. ಕೈಯಲ್ಲಿ ಹೆಂಡತಿಯ ಅಸ್ಥಿಯ ಮಡಕೆ.

ಗಾಳಿಯ ದಾರಿ

ಬಂದವರೇ ಹೊಳೆ ನೋಡಿ ಬರುತ್ತೇನೆಂದು ಒಬ್ಬರೇ ಹೊರಟರು. ಮಧ್ಯಾಹ್ನವಾದರೂ ಪತ್ತೆಯಿಲ್ಲ. ಹುಡುಕಿದರೆ ವಿಶ್ವನಾಥ ಗಲ್ಲಿಯ ಸೀರೆ ಅಂಗಡಿಯಲ್ಲಿ ಚಹಾ ಕುಡಿಯುತ್ತ ಕೂತಿದ್ದಾರೆ.

"ಇಲ್ಲಿಗೆ ಹೇಗೆ ಬಂದ್ರಿ?"

"ಮುಖಕ್ಕೆ ತಂಪು ಗಾಳಿ ಬಡಿದ ದಿಕ್ಕಿಗೆ ನಡೆದರೆ ನೀರು ಸಿಗಲೇಬೇಕಲ್ಲ ಅಕ್ಕ."

ಗಾಳಿ ಅಂಗಡಿಯ ಕೂಲರಿನದು. ನೀರು ಅದರ ತೊಟ್ಟಿಯಲ್ಲಿತ್ತು. ಒಂದು ಸೀರೆಯನ್ನೂ ಕೊಳ್ಳದವರಿಗೆ ಎರಡು ಸಲ ಚಹಾ ಕೊಟ್ಟ ಆ ಅಂಗಡಿಯವನ ಹೊಟ್ಟೆ ತಣ್ಣಗಿರಲಿ.

ಹುಟ್ಟು ಯಾರ ಕೈಲಿ

ಮರುದಿನ ಘಾಟಿನಲ್ಲಿ ಮಂತ್ರ ಮುಗಿಸಿ ದೋಣಿ ಹತ್ತಿದೆವು. ಇವರಿಗೆ ಹಿಂದಿ ಬಾರದು, ಅಂಬಿಗನಿಗೆ ಕನ್ನಡ ಬಾರದು. ಇವರು ಕೈಸನ್ನೆಯಲ್ಲೇ ಅವನ ತಪ್ಪು ತಿದ್ದಿದರು. ನಡುಹೊಳೆಗೆ ಬರುವಷ್ಟರಲ್ಲಿ ಹುಟ್ಟು ಇವರ ಕೈಯಲ್ಲಿ, ಮಡಕೆ ನನ್ನ ಮಡಿಲಲ್ಲಿ, ಅಂಬಿಗ ಯಾತ್ರಿಕನ ಹಾಗೆ ಮೂಲೆಯಲ್ಲಿ.

"ಮಾತಾಜಿ, ಇವರು ನಾಳೆಯೂ ಬರ್ತಾರಾ? ನನ್ನ ಸೊಂಟಕ್ಕೆ ಬಹಳ ಆರಾಮಾಗಿದೆ," ಎಂದ.

ಇಳಿತ

ಹುಟ್ಟು ಬಿಟ್ಟು ಮಡಕೆ ತೆಗೆದುಕೊಂಡ ತಾಂಡೇಲರು ನೀರನ್ನೇ ನೋಡುತ್ತ ಕೂತರು.

"ಬಿಡಿ ಅಣ್ಣ."

"ಇಳಿತ ಶುರುವಾಗಲಿ. ಉಬ್ಬರದಲ್ಲಿ ಬಿಟ್ಟರೆ ದಡಕ್ಕೆ ವಾಪಸು ಬರ್ತಾಳೆ. ಜೀವಮಾನವಿಡೀ ಬಂದರಿನ ದಕ್ಕೆಯಲ್ಲಿ ನನ್ನ ದೋಣಿಗೆ ಕಾದವಳು. ಇನ್ನೂ ದಡದಲ್ಲಿ ಕಾಯೋದು ಬೇಡ."

"ಇದು ಹೊಳೆ. ಇಲ್ಲಿ ಹಗಲೂ ರಾತ್ರಿ ಇಳಿತವೇ," ಎಂದೆ.

ನಂಬಲಿಲ್ಲ. ಒಂದು ಚೆಂಡು ಹೂ ಬಿಟ್ಟು ನೋಡಿದರು. ಅದು ತಿರುಗಿ ನೋಡದೆ ಹೋಯಿತು.

"ಎಲ್ಲಿಗೆ ಹೋಗ್ತದೆ?"

"ಸಮುದ್ರಕ್ಕೆ. ಬಂಗಾಳದ ಕಡೆ."

ಮಡಕೆಯನ್ನು ಎದೆಗೆಳೆದುಕೊಂಡರು. "ಅದು ನಮ್ಮ ಕಡಲಲ್ಲ ಮಾರಾಯ್ತಿ. ಅಲ್ಲಿ ಅವಳಿಗೆ ಯಾರ ಗುರುತಿದೆ?"

"ನನಗೆ ಇಲ್ಲಿ ಯಾರ ಗುರುತಿತ್ತು? ಬಂದ ದಿನ ಪಕ್ಕದ ಮನೆಯಾಕೆ ಬಿಸಿ ರೊಟ್ಟಿ ಕೊಟ್ಟಳು. ಕೈ ಹಿಡಿದು ಸಂತೆ ತೋರಿಸಿದಳು. ಇವತ್ತಿಗೂ ಅವಳ ಋಣದಲ್ಲೇ ಇದ್ದೇನೆ. ಅಲ್ಲೂ ಯಾರಾದರೂ ಇರ್ತಾರೆ."

ಅವರು ಹೂ ಹೋದ ದಿಕ್ಕನ್ನು ಇನ್ನೊಮ್ಮೆ ನೋಡಿದರು. ಆಮೇಲೆ ಮೆಲ್ಲಗೆ ಮಡಕೆ ಬಗ್ಗಿಸಿ, ಬೂದಿ ಕಣ್ಣಿಗೆ ಮರೆಯಾಗುವ ತನಕ ನೋಡಿ, ಕಣ್ಣೊರೆಸಿಕೊಂಡರು.

"ಇನ್ನು ಅವಳ ಚಿಂತೆಯಿಲ್ಲ ಅಕ್ಕ. ದಕ್ಕೆಯಲ್ಲಿ ಮೀನು ಮಾರಿದ ಬಾಯಿ ಅದು. ಪಾಪ, ಆ ಬಂಗಾಳದವರು ಏನು ಮಾಡ್ತಾರೋ."