ಪೆಟ್ಟಿಗೆಯೊಳಗಿನ ಹೊಳೆಯ ಮೇಲೆ ಬಿದ್ದ ನೀಲಿ ಮೊಹರಿಗೆ

ಕುಣಿಗಲ್,
೧೪ ಜೂನ್ ೧೯೯೯

ನಮ್ಮ ಪೇಟೆ ವಾಚನಾಲಯದ ಮೇಜಿನ ಬಲಮೂಲೆಯಲ್ಲಿ, ಶಾಯಿ ಪ್ಯಾಡಿನ ಪಕ್ಕದಲ್ಲಿ ಸದಾ ವಿರಾಜಮಾನರಾಗಿರುವ ‘ವಯಸ್ಕರಿಗೆ ಮಾತ್ರ’ ಎಂಬ ರಬ್ಬರ್ ಮೊಹರಿನವರ ಸನ್ನಿಧಿಗೆ,

ಮಾನ್ಯರೇ,

ತಮ್ಮ ಮರದ ಹಿಡಿಕೆಗೆ ಮೊದಲ ನಮಸ್ಕಾರ, ರಬ್ಬರಿಗೆ ಎರಡನೆಯದು. ಈ ಪತ್ರವನ್ನು ಗ್ರಂಥಪಾಲಕರಾದ ರುದ್ರಯ್ಯನವರಿಗೇ ಬರೆಯಬಹುದಿತ್ತಲ್ಲ ಎಂದು ಇದನ್ನು ಅಚ್ಚು ಹಾಕುವ ಪತ್ರಿಕೆಯ ಓದುಗರು ಕೇಳಿಯಾರು. ಬರೆಯಬಹುದಿತ್ತು, ಆದರೆ ಕಳೆದ ತಿಂಗಳು ನಾನು ಅವರ ಮುಂದೆ ಮೂರು ಸಲ ಹೋಗಿ ನಿಂತಾಗಲೂ ಅವರು ಮೇಜಿನ ಬಲಮೂಲೆಗೆ ಬೆರಳು ತೋರಿಸಿ, “ನನ್ ಕೈಲೇನಿದೆ ಸಾರ್, ಸೀಲ್ ಬಿದ್ಬಿಟ್ಟಿದೆ” ಎಂದರು. ಅಧಿಕಾರ ಯಾರ ಬಳಿ ಇದೆಯೋ ಅವರಿಗೇ ಅರ್ಜಿ ಸಲ್ಲಬೇಕೆಂದು ಸರ್ಕಾರಿ ನೌಕರಿಯಲ್ಲಿ ಕಲಿತವನಾದ್ದರಿಂದ ನೇರವಾಗಿ ತಮ್ಮಲ್ಲಿಗೇ ಬಂದಿದ್ದೇನೆ.

ನಾನು ಗುಬ್ಬಿಯಲ್ಲಿ ಹುಟ್ಟಿ, ಶಿಂಷಾ ನದಿಯ ಅಳತೆಗಂಬದ ಮುಂದೆ ಮೂವತ್ತೊಂದು ವರ್ಷ ಪ್ರತಿ ಬೆಳಿಗ್ಗೆ ಎಂಟು ಗಂಟೆಗೆ ನಿಂತು, ನೀರು ಎಷ್ಟಿದೆಯೆಂದು ನೋಡಿ, ಇಲ್ಲದ ದಿನ ಇಲ್ಲವೆಂದೇ ಬರೆದು ಸಹಿ ಹಾಕಿ, ನಿವೃತ್ತನಾದ ಮೇಲೂ ಕುಣಿಗಲ್ಲಿನಲ್ಲೇ ಉಳಿದಿರುವವನು. ಇಲ್ಲವೆಂದು ಬರೆದ ದಿನಗಳು ಸಾಕಷ್ಟಿದ್ದುದರಿಂದ ಹೊಳೆ ನೋಡುವ ಆಸೆಯನ್ನು ಪುಸ್ತಕಗಳಲ್ಲಿ ತೀರಿಸಿಕೊಳ್ಳುವುದು ಅಭ್ಯಾಸವಾಯಿತು. ಅದರಲ್ಲೂ ಹೊಳೆ ಮತ್ತು ಮಾಯಮಂತ್ರ ಎರಡೂ ಇರುವ ಕಥೆಯೆಂದರೆ ಊಟ ಮರೆಯುತ್ತೇನೆ. ಇಂಥ ಪುಸ್ತಕಗಳಲ್ಲಿ ಎರಡು ಜಾತಿ: ಮಕ್ಕಳಿಗಾಗಿ ಬರೆದ ಹೊಳೆಯಲ್ಲಿ ಮೊಸಳೆ ಮಾತಾಡುತ್ತದೆ, ದೊಡ್ಡವರಿಗಾಗಿ ಬರೆದ ಹೊಳೆಯ ದಡದಲ್ಲಿ ಯಾರಾದರೊಬ್ಬರು ಕೂತು ನಿಟ್ಟುಸಿರು ಬಿಡುತ್ತಾರೆ. ನನಗೆ ಅರವತ್ತೆರಡಾದರೂ ಮೊಸಳೆಯ ಮಾತೇ ಹೆಚ್ಚು ಸ್ವಾರಸ್ಯವೆನಿಸುತ್ತದೆ ಎಂಬುದನ್ನು ತಮ್ಮ ಮುಂದೆ ಒಪ್ಪಿಕೊಳ್ಳಲು ಸ್ವಲ್ಪ ಅಂಜಿಕೆ.

ತಾವು ಬರುವ ಮುಂಚೆ ಈ ವಾಚನಾಲಯದಲ್ಲಿ ವಯಸ್ಸನ್ನು ಹೇಗೆ ತೀರ್ಮಾನಿಸುತ್ತಿದ್ದರೆಂಬುದು ತಮಗೆ ತಿಳಿದಿರಲಾರದು, ನನಗೆ ಚೆನ್ನಾಗಿ ನೆನಪಿದೆ. ಯಾರ ಗಲ್ಲ ಕೌಂಟರಿನ ಮೇಲೆ ಬರುತ್ತದೋ ಅವರು ದೊಡ್ಡವರು, ಅಷ್ಟೇ. ಹುಡುಗಿಯರು ಹಿಮ್ಮಡಿ ಎತ್ತಿ ನಿಂತು ದೊಡ್ಡವರಾಗಿ, ಪುಸ್ತಕ ಸಿಕ್ಕ ಕೂಡಲೇ ಚಿಕ್ಕವರಾಗಿ ಓಡುತ್ತಿದ್ದರು. ೧೯೯೩ರಲ್ಲಿ ತಾವು ತುಮಕೂರಿನಿಂದ ರಟ್ಟಿನ ಡಬ್ಬಿಯಲ್ಲಿ ಬಿಜಯಂಗೈದ ಮೇಲೆ ಸಮಿತಿಯವರು ಆ ಅವ್ಯವಸ್ಥೆಯನ್ನು ಕೊನೆಗಾಣಿಸಿ, ಪುಸ್ತಕಗಳನ್ನು ಓದಿ ನೋಡುವ ತೊಂದರೆಯೇ ಇಲ್ಲದ ಒಂದು ಸೊಗಸಾದ ಸೂತ್ರ ಕಂಡುಹಿಡಿದರು: ಒಳಗೆ ಚಿತ್ರವಿದ್ದರೆ ಮಕ್ಕಳ ಕಪಾಟು, ಇಲ್ಲದಿದ್ದರೆ ತಮ್ಮ ಗುದ್ದು. ಮಕ್ಕಳ ಕಪಾಟನ್ನು ದೊಡ್ಡವರು ಮುಟ್ಟಬಾರದೆಂಬ ಇನ್ನೊಂದು ನಿಯಮವೂ ಜೊತೆಗೇ ಬಂತು, ಏಕೆಂದರೆ ಕೆಲವು ಹಿರಿಯರು ಚಿತ್ರಕಥೆಗಳನ್ನು ಮನೆಗೆ ಒಯ್ದು ತಿಂಗಳುಗಟ್ಟಲೆ ಹಿಂದಿರುಗಿಸುತ್ತಿರಲಿಲ್ಲ. ಆ ಹಿರಿಯರು ಯಾರೆಂಬುದು ಇಲ್ಲಿ ಅಪ್ರಸ್ತುತ.

ಈ ಸೂತ್ರದ ಪ್ರತಾಪ ಗೊತ್ತಾದದ್ದು ‘ಹೊಳೆ ಮಡಚಿದವಳು’ ಎಂಬ ಎರಡು ಭಾಗಗಳ ಕಾದಂಬರಿ ಬಂದಾಗ. ಅಂಬಿಗನ ಮಗಳೊಬ್ಬಳು ಮಂತ್ರ ಕಲಿತು, ಸಿಟ್ಟಿನಲ್ಲಿ ಊರಿನ ಹೊಳೆಯನ್ನು ಸೀರೆಯ ಹಾಗೆ ಮಡಚಿ ತಗಡಿನ ಪೆಟ್ಟಿಗೆಯಲ್ಲಿಟ್ಟು ಬೀಗ ಹಾಕುವುದು ಮೊದಲ ಭಾಗ. ಅರವತ್ತು ವರ್ಷದ ಮೇಲೆ, ಮುದುಕಿಯಾದ ಅವಳು ಕಳೆದುಹೋದ ಬೀಗದ ಕೈಯನ್ನು ಹುಡುಕುವುದು ಎರಡನೆಯದು. ಮೊದಲ ಭಾಗದಲ್ಲಿ ಚಿತ್ರಗಳಿವೆ. ಎರಡನೆಯದರ ಹೊತ್ತಿಗೆ ಪ್ರಕಾಶಕರಿಗೂ ಚಿತ್ರಕಾರರಿಗೂ ಏನು ಜಗಳವಾಯಿತೋ, ಒಂದು ಗೆರೆಯೂ ಇಲ್ಲ. ಹೀಗಾಗಿ ಒಂದೇ ಕಥೆಯ ರುಂಡ ಮಕ್ಕಳ ಕಪಾಟಿಗೆ, ಮುಂಡ ದೊಡ್ಡವರ ಕೋಣೆಗೆ ಹೋದವು. ಹೊಳೆ ಪೆಟ್ಟಿಗೆಯೊಳಕ್ಕೆ ಯಾಕೆ ಹೋಯಿತೆಂದು ತಿಳಿಯುವ ಹಕ್ಕು ನನಗಿಲ್ಲ, ಹೊರಗೆ ಬಂತೇ ಎಂದು ತಿಳಿಯುವ ಹಕ್ಕು ಮಕ್ಕಳಿಗಿಲ್ಲ.

ಮೇ ಮೊದಲ ವಾರದಲ್ಲಿ ನಾನು ಆ ಮುಂಡವನ್ನು ಓದುತ್ತ, ಈ ಮುದುಕಿ ಪ್ರತಿ ಸಲ ಕೊಡ ಕಂಡಾಗ ಯಾಕೆ ಅಳುತ್ತಾಳೆಂದು ಅರ್ಥವಾಗದೆ ವಾಚನಾಲಯದ ಜಗಲಿಯಲ್ಲಿ ಕೂತಿದ್ದಾಗ, ಬಸ್ ನಿಲ್ದಾಣದ ಹಿಂದೆ ತಗಡಿನ ಟ್ರಂಕು ಮಾಡುವ ಸರ್ದಾರ್ ಪಾಷಾ ಅವರ ಹನ್ನೆರಡು ವರ್ಷದ ಮಗಳು ಸಿದ್ರಾ ಬಂದು ಎದುರಿಗೇ ನಿಂತಳು. “ತಾತ, ಅದು ಎರಡ್ನೇ ಭಾಗ ಅಲ್ವಾ? ಹೊಳೆ ಇನ್ನೂ ಪೆಟ್ಟಿಗೇಲೇ ಇದ್ಯಾ?” ಎಂದು ಕೇಳಿದಳು. ತಿಂಗಳ ಹಿಂದೆ ಮೊದಲ ಭಾಗ ಮುಗಿಸಿದಾಗಿನಿಂದ ಅವಳಿಗೆ ಅದೇ ಚಿಂತೆಯಂತೆ.

ಅಂದಿನಿಂದ ಹದಿನೈದು ದಿನ ಅವಳು ತನ್ನ ಅರ್ಧವನ್ನೂ ನಾನು ನನ್ನ ಅರ್ಧವನ್ನೂ ಆ ಜಗಲಿಯ ಮೇಲೆ ಹೇಳಿಕೊಂಡೆವು. ಅಷ್ಟು ಘನ ಅಡಿ ನೀರು ಒಂದು ಪೆಟ್ಟಿಗೆಯಲ್ಲಿ ಹಿಡಿಯುವುದು ಅಸಾಧ್ಯವೆಂದು ನಾನು ವೃತ್ತಿಯ ಅಭಿಮಾನದಿಂದ ಹೇಳಿದೆ. ಅವಳು ನನ್ನ ಅಜ್ಞಾನಕ್ಕೆ ಮರುಗಿ, “ಹಿಡ್ಸೋದೇನ್ ಬಿಡಿ ತಾತ, ಅದಕ್ಕೆ ಮಂತ್ರ ಇದೆ. ಮೂಲೇಲಿ ಸೋರಲ್ವಾ? ನಮ್ ಅಬ್ಬಾ ಮಾಡಿರೋ ಟ್ರಂಕೇ ಒಂದ್ ಬಕೆಟ್ ನೀರು ತಡ್ಯಲ್ಲ. ಬರ್ದೋರಿಗೆ ಬೆಸುಗೆ ಗೊತ್ತಿಲ್ಲ” ಎಂದಳು. ಮೂವತ್ತು ವರ್ಷಗಳಲ್ಲಿ ನಾನು ಕೇಳಿದ ಅತ್ಯುತ್ತಮ ಪುಸ್ತಕ ವಿಮರ್ಶೆ ಅದು. ಕಡೆಯ ಅಧ್ಯಾಯಕ್ಕೆ ಬಂದಾಗ ಮಾತ್ರ ಅವಳು ಎರಡೂ ಕಿವಿ ಮುಚ್ಚಿಕೊಂಡು, “ಕೊನೇದ್ ಹೇಳ್ಬೇಡಿ ತಾತ, ಅದು ನಾನೇ ಓದ್ಬೇಕು” ಎಂದುಬಿಟ್ಟಳು. ಪುಸ್ತಕ ಅವಳ ಕೈಗೆ ಕೊಡಲು ನಾನು ಸಿದ್ಧನಾಗುವಷ್ಟರಲ್ಲಿ ರುದ್ರಯ್ಯನವರು ಹೊರಗೆ ಬಂದರು.

“ಏನ್ ಸಾರ್, ತಿಳ್ದೋರು ನೀವೇ ಹಿಂಗ್ ಮಾಡಿದ್ರೆ? ಸೀಲ್ ಹೊಡ್ದಿರೋ ಬುಕ್ಕು ಮಕ್ಕಳ ಕೈಗೆ ಕೊಡೋದೂ ಒಂದೇ, ಬಾಯಲ್ಲಿ ಹೇಳೋದೂ ಒಂದೇ!”

ಪುಸ್ತಕ ನನ್ನ ಕೈಯಿಂದ ಹೋಯಿತು. ಇನ್ನು ಮುಂದೆ ಅದನ್ನು ದೊಡ್ಡವರ ಕೋಣೆಯೊಳಗೇ ಕೂತು ಓದತಕ್ಕದ್ದು ಎಂದು ಅದರ ಮೇಲೆ ಚೀಟಿ ಅಂಟಿತು. ಅದೇ ವಾರ ಸಿದ್ರಾ ಇನ್ನೊಂದು ಸುದ್ದಿ ತಂದಳು: ಮೇ ಕಡೆಯ ಶನಿವಾರ ಅವಳ ಅಬ್ಬಾ ಅಂಗಡಿ ಎತ್ತಿಕೊಂಡು ಹುಲಿಯೂರುದುರ್ಗಕ್ಕೆ, ಅವಳ ಸೋದರಮಾವನ ಊರಿಗೆ ಹೋಗುತ್ತಿದ್ದಾರೆ. ಇಲ್ಲಿನ ವಾಚನಾಲಯದ ಕಾರ್ಡು ಅಲ್ಲಿ ನಡೆಯುವುದಿಲ್ಲ. ಅವಳು ವಯಸ್ಕಳಾಗಲು ಇನ್ನೂ ಆರು ವರ್ಷ ಬೇಕು, ನಮ್ಮ ಕೈಯಲ್ಲಿದ್ದದ್ದು ಆರು ದಿನ.

ಮಾನ್ಯರೇ, ನಿಯಮಗಳನ್ನು ನಾನು ಎರಡು ಸಲ ಓದಿದೆ. ದೊಡ್ಡವರ ಕೋಣೆಯಲ್ಲಿ ಕೂತವನು ಪುಸ್ತಕವನ್ನು ಯಾವ ಕಡೆಗೆ ಮುಖ ಮಾಡಿ ಹಿಡಿಯಬೇಕೆಂದು ಅವುಗಳಲ್ಲಿ ಎಲ್ಲಿಯೂ ಹೇಳಿಲ್ಲ. ಹೀಗಾಗಿ ಗುರುವಾರ ಮಧ್ಯಾಹ್ನ ನಾನು ಓಣಿಯ ಕಡೆಯ ಕಿಟಕಿಯ ಪಕ್ಕ ಕೂತು, ಕಡೆಯ ಅಧ್ಯಾಯವನ್ನು ಬಿಚ್ಚಿ ಗಾಜಿಗೆ ಒತ್ತಿ ಹಿಡಿದೆ. ಸಿದ್ರಾ ಹೊರಗೆ ಒಂದು ಖಾಲಿ ಎಣ್ಣೆ ಡಬ್ಬದ ಮೇಲೆ ನಿಂತು ಓದಿದಳು. ಅವಳು ಗಾಜನ್ನು ಒಂದು ಸಲ ತಟ್ಟಿದರೆ ನಾನು ಹಾಳೆ ತಿರುವುವುದು. “ಏನ್ ಸಾರ್, ಬುಕ್ಕು ಉಲ್ಟಾ ಹಿಡ್ಕೊಂಡಿದೀರಾ?” ಎಂದು ರುದ್ರಯ್ಯನವರು ಕೇಳಿದಾಗ, ಮುಗ್ಗಲು ವಾಸನೆ ಬಂದಿದೆ, ಬಿಸಿಲು ಕಾಣಿಸುತ್ತಿದ್ದೇನೆ ಎಂದೆ. ಪುಸ್ತಕದ ಬಗ್ಗೆ ನನಗಿರುವ ಕಾಳಜಿಯನ್ನು ಮೆಚ್ಚಿ ಅವರು ಹೊರಟುಹೋದರು. ತೋಳು ಬಿದ್ದುಹೋಗುವಷ್ಟು ನೋಯುತ್ತಿತ್ತು. ಹದಿನೆಂಟು ಪುಟ ಮುಗಿದು ಹತ್ತೊಂಬತ್ತನೆಯದು, ಕಟ್ಟಕಡೆಯದು ಬಂತು.

ಮುದುಕಿಗೆ ಬೀಗದ ಕೈ ಸಿಕ್ಕಿದೆ. ಊರೆಲ್ಲ ನೆರೆದಿದೆ. ‘ಅವಳು ಮುಚ್ಚಳ ಎತ್ತಿದಳು. ಪೆಟ್ಟಿಗೆಯೊಳಗೆ’ ಎಂಬಲ್ಲಿಗೆ ಸಾಲು ಬಂದು ನಿಲ್ಲುತ್ತದೆ. ಅಲ್ಲಿಂದ ಮುಂದೆ ತಾವು.

ಹೌದು, ತಾವು. ಪ್ರತಿ ಪುಸ್ತಕದ ಮೊದಲ ಪುಟಕ್ಕೂ ಕಡೆಯ ಪುಟಕ್ಕೂ ತಮ್ಮನ್ನು ಒತ್ತಬೇಕೆಂಬ ಪದ್ಧತಿಯಂತೆ, ಕೆಳಗೆ ಅಂಗೈಯಗಲ ಬಿಳೀ ಜಾಗ ಖಾಲಿ ಬಿದ್ದಿದ್ದರೂ, ಕಥೆಯ ಕಡೆಯ ಮಾತುಗಳ ಮೇಲೆಯೇ ತಾವು ಗುಂಡಗೆ, ಗಾಢ ನೀಲಿಯಾಗಿ ಕೂತಿದ್ದೀರಿ. ಸಿದ್ರಾ ಗಾಜನ್ನು ಒಂದು ಸಲ ತಟ್ಟಿದಳು. ಮತ್ತೆ ತಟ್ಟಿದಳು. ತಿರುವಲು ಹಾಳೆಯೇ ಉಳಿದಿಲ್ಲವೆಂದು ನಾನು ತಲೆಯಾಡಿಸಿದಾಗ, “ಸೀಲ್ ತೆಗೀರಿ ತಾತಾ!” ಎಂದು ಅವಳು ಕೂಗಿದ್ದು ಮೌನದ ಫಲಕದ ಕೆಳಗೆ ನಿದ್ರಿಸುತ್ತಿದ್ದ ನಾಲ್ವರು ವಯಸ್ಕರನ್ನೂ ಎಬ್ಬಿಸಿತು.

ನನಗೆ ಇದು ಮೊದಲೇ ಗೊತ್ತಿತ್ತು. ಅವಳು ಕಿವಿ ಮುಚ್ಚಿಕೊಂಡ ದಿನ ಹೇಳಲು ನನ್ನ ಬಳಿ ಏನೂ ಇರಲಿಲ್ಲ. ಮೊದಲ ಭಾಗ ಓದಿದ ಕಣ್ಣಿಗಾದರೂ ತಮ್ಮ ಕೆಳಗಿರುವುದು ಹೊಳೆದೀತು ಎಂಬ ಆಸೆಯಿಂದ ಆ ಮಗುವನ್ನು ಡಬ್ಬದ ಮೇಲೆ ಒಂದು ಗಂಟೆ ನಿಲ್ಲಿಸಿದೆ. ಆ ತಪ್ಪು ನನ್ನದು, ತಮ್ಮ ಪಾಲಿಗೆ ಹಾಕುವುದಿಲ್ಲ.

ಪ್ರಕಾಶನ ಮುಚ್ಚಿಹೋಗಿದೆಯಂತೆ. ತುಮಕೂರಿನ ಅಂಗಡಿಗಳಲ್ಲಿ ಇನ್ನೊಂದು ಪ್ರತಿ ಇಲ್ಲ. ರುದ್ರಯ್ಯನವರನ್ನು ಕೇಳಿದರೆ, “ದಿನಕ್ಕೆ ನಲವತ್ತು ಬುಕ್ಕಿಗೆ ಹೊಡೀತೀನಿ ಸಾರ್, ಕೆಳಗೇನಿದೆ ಅಂತ ಓದ್ಕೊಂಡ್ ಕೂತ್ಕೊಳ್ಳಕ್ಕಾಯ್ತದಾ?” ಎಂದರು. ಅಂದಮೇಲೆ ಇಡೀ ಕುಣಿಗಲ್ ತಾಲ್ಲೂಕಿನಲ್ಲಿ ಆ ಕಡೆಯ ಮಾತುಗಳ ಮೇಲೆ ಮುಖವಿಟ್ಟು ನೋಡಿದವರು ತಾವೊಬ್ಬರೇ.

ಆದ್ದರಿಂದ ತಮ್ಮಲ್ಲಿ ಕೇಳಿಕೊಳ್ಳುವುದೇನೆಂದರೆ, ಯಾರೂ ಇಲ್ಲದ ಒಂದು ಸೋಮವಾರದ ರಜೆಯಲ್ಲಿ ದಯಮಾಡಿ ಆ ಪುಟದಲ್ಲಿ ಒಂದು ಅಂಗುಲ ಕೆಳಕ್ಕೆ ಸರಿದು ಕೂರಬೇಕು. ಅದು ತಮ್ಮ ಗೌರವಕ್ಕೆ ಕುಂದೆನಿಸಿದರೆ, ಪೆಟ್ಟಿಗೆಯಲ್ಲಿ ಹೊಳೆ ಇದ್ದರೆ ಒಂದು ಹನಿ ಶಾಯಿ ಉದುರಿಸಿ, ಇಲ್ಲದಿದ್ದರೆ ಒಣಗಿ. ಇದೆ, ಇಲ್ಲ ಎಂಬೆರಡನ್ನು ಓದುವುದರಲ್ಲಿ ನನಗೆ ಮೂವತ್ತೊಂದು ವರ್ಷದ ಅನುಭವವಿದೆ. ಯಾವುದೂ ಆಗದಿದ್ದರೆ, ಮುಂದೆ ಬರುವ ಪುಸ್ತಕಗಳ ಕಡೆಯ ಪುಟಗಳಲ್ಲಾದರೂ ಖಾಲಿ ಜಾಗದಲ್ಲಿ ಬೀಳುವ ಕೃಪೆ ಮಾಡಬೇಕು.

ಶನಿವಾರ ಬೆಳಿಗ್ಗೆ ಟ್ರಂಕುಗಳನ್ನು ಹೇರಿದ ಟೆಂಪೋ ಹೊರಟಿತು. ಕೊನೆಯನ್ನು ಓದದೆಯೇ ಸಿದ್ರಾ ಹೋದಳು. ತಾವು ಯಾವಾಗ ಉತ್ತರ ಕೊಟ್ಟರೂ ಅದನ್ನು ಹುಲಿಯೂರುದುರ್ಗಕ್ಕೆ ತಲುಪಿಸುವ ಬಸ್ ಚಾರ್ಜು ನನ್ನದು.

ತಮ್ಮ ಗುದ್ದಿನ ಕೆಳಗೂ ಉಸಿರಾಡುತ್ತಿರುವ,
ತಮ್ಮ ವಿಶ್ವಾಸಿ,
ನರಸಿಂಹಯ್ಯ

ಮರೆತ ಮಾತು: ಪತ್ರ ಅಂಚೆಗೆ ಹಾಕುವ ಮುನ್ನ ಸಿದ್ರಾಳಿಂದ ಒಂದು ಇನ್‌ಲ್ಯಾಂಡ್ ಲೆಟರ್ ಬಂತು. ತಾವು ಮುಚ್ಚಿರುವ ಜಾಗದಲ್ಲಿ ನಾಲ್ಕೇ ನಾಲ್ಕು ಪದ ಹಿಡಿಯುತ್ತವೆಂದು ಗಾಜಿನಲ್ಲಿ ಕಂಡ ಸಾಲುಗಳ ಅಕ್ಷರಗಳ ಲೆಕ್ಕದಲ್ಲಿ ಅಂದಾಜು ಮಾಡಿ, ಆ ನಾಲ್ಕು ಪದಗಳನ್ನು ಅವಳೇ ಬರೆದು ಕಳಿಸಿದ್ದಾಳೆ. ಓದಿದೆ, ಮುದುಕಿ ಕೊಡ ಕಂಡಾಗಲೆಲ್ಲ ಯಾಕೆ ಅಳುತ್ತಿದ್ದಳೆಂದು ಈಗ ಗೊತ್ತಾಯಿತು. ಅವುಗಳನ್ನು ತಮಗೂ ತಿಳಿಸಬೇಕೆಂದಿದ್ದೆ. ಆದರೆ ಪದಗಳ ಸುತ್ತ ಅವಳು ಪೆನ್ಸಿಲಿನಿಂದ ಒಂದು ವೃತ್ತ ಎಳೆದು, ‘ಮಕ್ಕಳಿಗೆ ಮಾತ್ರ, ತಾತನಿಗೆ ರಿಯಾಯಿತಿ’ ಎಂದು ಬರೆದಿರುವುದರಿಂದ, ವಯಸ್ಕರಾದ ತಮಗೆ ತೋರಿಸುವಂತಿಲ್ಲ. ನನ್ನ ಕೈಲೇನಿದೆ ಮಾನ್ಯರೇ, ಸೀಲ್ ಬಿದ್ದುಬಿಟ್ಟಿದೆ.